ಭಾಲ್ಕಿಯಿಂದ ಔರಾದ್‌ಗೆ, ಕಲಬುರಗಿ ಮಾರ್ಗವಾಗಿ

ವರ್ಗಾವಣೆ ಆದೇಶವನ್ನು ಯಾರೂ ಮೊದಲ ಸಾಲಿನಿಂದ ಓದುವುದಿಲ್ಲ. ಸಂಜೆ ಹೊತ್ತು ನೌಕರರ ವಾಟ್ಸ್ಆ್ಯಪ್ ಗುಂಪಿಗೆ ಪಿಡಿಎಫ್ ಬಂದು ಬೀಳುತ್ತದೆ. ‘ಪ್ರಸ್ತಾವನೆ’, ‘ಓದಲಾಗಿದೆ’ ಇವನ್ನೆಲ್ಲ ದಾಟಿ ಹೆಬ್ಬೆರಳು ಕೋಷ್ಟಕದಲ್ಲಿ ಹೋಗಿ ನಿಲ್ಲುತ್ತದೆ. ಕ್ರಮ ಸಂಖ್ಯೆ, ಹೆಸರು ಮತ್ತು ಹಾಲಿ ಹುದ್ದೆ, ವರ್ಗಾಯಿಸಿದ ಸ್ಥಳ. ತನ್ನ ಹೆಸರು ಅಲ್ಲಿದ್ದರೆ ಮಾತ್ರ ಮತ್ತೆ ಮೇಲಕ್ಕೆ ಬಂದು ಒಂದೊಂದೇ ಪದ ಓದಬೇಕು. ‘ಸಾರ್ವಜನಿಕ ಹಿತದೃಷ್ಟಿಯಿಂದ’, ‘ತಕ್ಷಣದಿಂದ ಜಾರಿಗೆ ಬರುವಂತೆ’, ‘ಮುಂದಿನ ಆದೇಶದವರೆಗೆ’. ಇಷ್ಟು ಪದಗಳಿಲ್ಲದ ವರ್ಗಾವಣೆ ಆದೇಶ ಕರ್ನಾಟಕದಲ್ಲಿ ಹೊರಬಿದ್ದದ್ದು ಅಪರೂಪ. ಇವು ಎಷ್ಟು ಸವೆದಿವೆಯೆಂದರೆ ಬರೆದವರಿಗೂ ಅವುಗಳ ಮೇಲೆ ಲಕ್ಷ್ಯವಿರುವುದಿಲ್ಲ. ಆದರೆ ನಾಳೆ ವಕೀಲರು ಕೆಂಪು ಪೆನ್ನಿನಲ್ಲಿ ಗೆರೆ ಎಳೆಯುವುದು ಇವುಗಳ ಕೆಳಗೇ.

ಕೋಷ್ಟಕದ ಮೂರನೇ ಅಂಕಣದಲ್ಲೂ ಒಂದು ಸೂಕ್ಷ್ಮವಿದೆ. ‘ಖಾಲಿ ಹುದ್ದೆಗೆ’ ಎಂದಿದ್ದರೆ ನೋವು ಒಬ್ಬರದೇ. ‘ಇಂಥವರ ಸ್ಥಾನಕ್ಕೆ’ ಎಂದಿದ್ದರೆ ಒಬ್ಬರು ಬರಬೇಕು, ಇನ್ನೊಬ್ಬರು ಏಳಬೇಕು. ಎದ್ದವರಿಗೆ ಜಾಗ ತೋರಿಸದೆ ‘ಸ್ಥಳ ನಿಯುಕ್ತಿಗಾಗಿ ಇಲಾಖಾ ಮುಖ್ಯಸ್ಥರಲ್ಲಿ ವರದಿ ಮಾಡಿಕೊಳ್ಳುವುದು’ ಎಂದು ಬರೆದಿದ್ದರೆ, ಆ ಆದೇಶ ಅರ್ಧ ನ್ಯಾಯಾಲಯಕ್ಕೆ ಹೋದಂತೆಯೇ ಲೆಕ್ಕ.

ಬೀದರ್‌ಗೆ ಈ ಅಂಕಣದಲ್ಲಿ ಹಳೆಯ ಹೆಸರಿದೆ, ಒಳ್ಳೆಯದಲ್ಲ. ಬೆಂಗಳೂರಿನಿಂದ ಹತ್ತಿರ ಹತ್ತಿರ 700 ಕಿಲೊಮೀಟರ್. ಮೇಲಿನವರ ಸಿಟ್ಟಿಗೆ ಗುರಿಯಾದ ಅಧಿಕಾರಿಯನ್ನು ‘ಬೀದರ್‌ಗೆ ಹಾಕ್ತೀನಿ’ ಎಂದು ಹೆದರಿಸುವ ರೂಢಿ ಸಿನಿಮಾ ಸಂಭಾಷಣೆಯಷ್ಟೇ ಹಳತು. ‘ಎತ್ತಂಗಡಿ’ ಎಂಬ ಶೀರ್ಷಿಕೆಯ ಕೆಳಗಿನ ಸುದ್ದಿಯಲ್ಲಿ ಬೀದರ್, ಯಾದಗಿರಿ, ರಾಯಚೂರು ಹೆಸರುಗಳು ಎಷ್ಟು ಬಾರಿ ಬಂದಿವೆಯೋ! ಇಲ್ಲಿಯವರಿಗೆ ಇದು ಅವಮಾನ ಅನ್ನಿಸುವುದು ಸಹಜ. ಯಾರೋ ಮಾಡಿದ ತಪ್ಪಿಗೆ ಶಿಕ್ಷೆಯ ಜಾಗ ತಮ್ಮೂರು ಎಂದು ಸರಕಾರವೇ ಒಪ್ಪಿಕೊಂಡಂತಲ್ಲವೇ?

ಆದರೆ ನ್ಯಾಯಾಲಯದವರೆಗೆ ಹೋಗುವ ಜಗಳಗಳಲ್ಲಿ ಇಂಥ ದೂರದ ಎತ್ತಂಗಡಿಗಿಂತ ಜಿಲ್ಲೆಯೊಳಗಿನ ಅಲ್ಪ ದೂರದ ಸ್ಥಳಾಂತರಗಳು ಹೆಚ್ಚು ಹಟದವು. ಬೀದರ್ ನಗರ, ಭಾಲ್ಕಿ, ಔರಾದ್. ಹೀಗೆ ಕೂಡಿಸಿ ಹೇಳಿದರೆ ಒಂದೇ ಜಿಲ್ಲೆಯ ಮೂರು ಊರು. ನೌಕರರ ಲೆಕ್ಕದಲ್ಲಿ ಮೂರು ಮೆಟ್ಟಿಲು. ಬೀದರ್‌ನಿಂದ ಭಾಲ್ಕಿಗೂ ಔರಾದ್‌ಗೂ ಸುಮಾರು 40 ಕಿಲೊಮೀಟರ್. ಭಾಲ್ಕಿಗೆ ರೈಲಿದೆ, ಬೀದರ್, ಭಾಲ್ಕಿ, ಕಮಲನಗರ ದಾಟಿ ಉದಗೀರ್‌ಗೆ ಹೋಗುವ ಹಳಿ ಅದು. ಔರಾದ್‌ಗೆ ಹಳಿ ಇಲ್ಲ, ಸಂತಪುರದ ಮೇಲೆ ಹೋಗುವ ಬಸ್ಸೇ ಗತಿ. ಭಾಲ್ಕಿಯಲ್ಲಿ ಮನೆ ಮಾಡಿ, ಮಕ್ಕಳನ್ನು ಬೀದರ್‌ನ ಕಾಲೇಜಿಗೆ ಕಳಿಸುತ್ತಿರುವ ನೌಕರ ಔರಾದ್‌ಗೆ ಹೋಗಬೇಕೆಂದರೆ ದಿನಕ್ಕೆ ಎರಡು ಸಲ ಬಸ್ಸು ಬದಲಿಸಬೇಕು. ನ್ಯಾಯಾಧೀಶರ ಮುಂದೆ ಇದನ್ನು ಹೇಳಿದರೆ ‘ಅದೇ ಜಿಲ್ಲೆಯಲ್ಲವೇ?’ ಎಂಬ ಪ್ರಶ್ನೆ ಬರುತ್ತದೆ. ಉತ್ತರವಿಲ್ಲದ ಪ್ರಶ್ನೆ.

ನೌಕರ ಯಾರು ಎನ್ನುವುದರ ಮೇಲೆ ಯಾವ ಬಾಗಿಲು ತಟ್ಟಬೇಕು ಎನ್ನುವುದು ನಿಂತಿದೆ. ತಹಶೀಲ್ದಾರ್ ಕಚೇರಿಯ ಗುಮಾಸ್ತ, ಸರಕಾರಿ ಶಾಲೆಯ ಶಿಕ್ಷಕಿ, ಆರೋಗ್ಯ ಇಲಾಖೆಯ ನರ್ಸ್ ಇವರೆಲ್ಲ ರಾಜ್ಯ ಸರಕಾರಿ ನೌಕರರು. ಇವರಿಗೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ಅಂದರೆ ಎಲ್ಲರ ಬಾಯಲ್ಲಿರುವ ಕೆಎಟಿ. ಅಂಚೆಯವರು ಕೇಂದ್ರ ಆಡಳಿತ ನ್ಯಾಯಮಂಡಳಿಗೆ, ಬೆಂಗಳೂರಿಗೆ ಹೋಗಬೇಕು. ಸಾರಿಗೆ ನಿಗಮ, ವಿದ್ಯುತ್ ಕಂಪನಿ ಜೆಸ್ಕಾಂ, ಬ್ಯಾಂಕು ಇವುಗಳವರು ಹೈಕೋರ್ಟಿಗೆ ರಿಟ್ ಹಾಕುತ್ತಾರೆ. 1986ರಲ್ಲಿ ಕೆಎಟಿ ಶುರುವಾದಾಗ ಬೀದರ್‌ನವರು ಒಂದು ತಡೆಯಾಜ್ಞೆಗಾಗಿ ಬೆಂಗಳೂರಿನ ಗಾಡಿ ಹತ್ತಬೇಕಿತ್ತು. 2008ರ ಜುಲೈನಲ್ಲಿ ಹೈಕೋರ್ಟಿನ ಸಂಚಾರಿ ಪೀಠ ಕಲಬುರಗಿಗೆ ಬಂತು, 2013ರ ಆಗಸ್ಟ್‌ನಲ್ಲಿ ಅದು ಕಾಯಂ ಆಯಿತು. ಆಮೇಲೆ ಕೆಎಟಿ ಪೀಠವೂ ಅಲ್ಲಿಗೇ ಬಂತು. 2017ರ ಅಕ್ಟೋಬರ್ 29ರಂದು ಬೀದರ್–ಕಲಬುರಗಿ ರೈಲು ಮಾರ್ಗ ಉದ್ಘಾಟನೆಯಾದ ಮೇಲಂತೂ ಬೆಳಿಗ್ಗೆ ಹೋಗಿ ವಕಾಲತ್ತಿಗೆ ಸಹಿ ಹಾಕಿ ಸಂಜೆ ಮರಳಬಹುದು. ನ್ಯಾಯ ಹತ್ತಿರ ಬಂತು ಎನ್ನೋಣ. ಹತ್ತಿರ ಬಂದದ್ದರಿಂದ ವ್ಯಾಜ್ಯಕ್ಕೆ ಹೋಗುವ ಹಿಂಜರಿಕೆಯೂ ಕಮ್ಮಿಯಾಗಿದೆ.

ಗೆಲ್ಲುವುದು ತತ್ವ, ಸೋಲುವುದು ನೌಕರ

ಕಾನೂನು ಏನನ್ನುತ್ತದೆ? ನೌಕರನಿಗೆ ಸಮಾಧಾನ ಕೊಡುವ ಮಾತು ಅದರಲ್ಲಿ ಕಡಿಮೆ. ವರ್ಗಾವಣೆ ಎನ್ನುವುದು ಸೇವೆಯ ಜೊತೆಗೇ ಬಂದದ್ದು. ಯಾರನ್ನು ಎಲ್ಲಿ ಕೂರಿಸಬೇಕು ಎನ್ನುವುದು ಸರಕಾರದ ಕೆಲಸ, ನ್ಯಾಯಾಲಯದ್ದಲ್ಲ. ಸುಪ್ರೀಂ ಕೋರ್ಟು ಐವತ್ತು ವರ್ಷಗಳಿಂದ ಇದನ್ನೇ ಬೇರೆ ಬೇರೆ ಮಾತಿನಲ್ಲಿ ಹೇಳುತ್ತ ಬಂದಿದೆ.

1973ರ ನವೆಂಬರ್‌ನಲ್ಲಿ ತೀರ್ಪಾದ ರಾಯಪ್ಪ ಪ್ರಕರಣದಿಂದ ಈ ಕಥೆ ಶುರು. ತಮಿಳುನಾಡಿನ ಮುಖ್ಯ ಕಾರ್ಯದರ್ಶಿಯಾಗಿದ್ದ ಇ.ಪಿ. ರಾಯಪ್ಪ ಅವರನ್ನು ಆ ಕುರ್ಚಿಯಿಂದ ಎಬ್ಬಿಸಿ ಹೊಸದಾಗಿ ಸೃಷ್ಟಿಸಿದ ಹುದ್ದೆಗೆ ಹಾಕಿದರು. ಅವರು ಸುಪ್ರೀಂ ಕೋರ್ಟಿಗೆ ಹೋದರು. ಸ್ವೇಚ್ಛಾಚಾರ ಇರುವಲ್ಲಿ ಸಮಾನತೆ ಇರಲಾರದು ಎಂಬ ದೊಡ್ಡ ತತ್ವ ಆ ಪ್ರಕರಣದಿಂದ ದೇಶಕ್ಕೆ ಸಿಕ್ಕಿತು. ರಾಯಪ್ಪ ಅವರಿಗೆ ಏನು ಸಿಕ್ಕಿತು? ಅರ್ಜಿ ವಜಾ. ದುರುದ್ದೇಶ ಸಾಬೀತಾಗಲಿಲ್ಲ ಎಂದರು. ವರ್ಗಾವಣೆ ವ್ಯಾಜ್ಯಗಳ ಇಡೀ ಚರಿತ್ರೆ ಈ ಒಂದು ಪ್ರಕರಣದಲ್ಲೇ ಇದೆ.

ನಮ್ಮದೇ ರಾಜ್ಯದ ಬಿ. ವರದರಾವ್ ಪ್ರಕರಣ 1986ರದ್ದು. ವರ್ಗಾವಣೆಯಾದರೆ ಮೇಲ್ಮನವಿ ಹಾಕುವ ಹಕ್ಕು ನಾಗರಿಕ ಸೇವಾ ನಿಯಮಗಳಲ್ಲಿದೆಯೇ ಎಂಬುದು ಪ್ರಶ್ನೆ. ಇಲ್ಲ ಎಂದಿತು ಸುಪ್ರೀಂ ಕೋರ್ಟು. ಆದರೆ ಅಷ್ಟಕ್ಕೇ ಸುಮ್ಮನಾಗಲಿಲ್ಲ. ಮೇಲಿಂದ ಮೇಲೆ, ಹೊತ್ತಲ್ಲದ ಹೊತ್ತಿನಲ್ಲಿ ಮಾಡುವ ವರ್ಗಾವಣೆಗಳು ಒಂದು ಕುಟುಂಬವನ್ನು ಬೇರುಸಹಿತ ಕೀಳುತ್ತವೆ, ಮಕ್ಕಳ ಓದು ಕೆಡುತ್ತದೆ, ನೌಕರ ಹತಾಶನಾಗುತ್ತಾನೆ ಎಂದು ಮರುಗಿತು. ಮರುಕ ತೀರ್ಪಿನಲ್ಲಿ ಉಳಿಯಿತು. ವಕೀಲರು ಇಂದಿಗೂ ಅದನ್ನು ಅರ್ಜಿಯಲ್ಲಿ ಎತ್ತಿ ಬರೆಯುತ್ತಾರೆ, ಪೀಠಗಳು ಇಂದಿಗೂ ತಲೆದೂಗುತ್ತವೆ. ಅದರಿಂದಲೇ ಆದೇಶ ರದ್ದಾಗುವುದಿಲ್ಲ.

1989ರದ್ದು ಇನ್ನೂ ಕಟು. ಗುಜರಾತ್ ವಿದ್ಯುತ್ ಮಂಡಳಿಯ ನೌಕರರೊಬ್ಬರನ್ನು ಸೂರತ್‌ನಿಂದ ಉಕಾಯ್‌ಗೆ ವರ್ಗಾಯಿಸಿದರು. ಅವರು ಹೋಗಲಿಲ್ಲ. ಮನವಿ ಕೊಟ್ಟಿದ್ದೇನೆ, ಉತ್ತರ ಬರಲಿ ಎಂದು ಕೂತರು. ಕೆಲಸ ಹೋಯಿತು. ಕೆಲಸ ತೆಗೆದದ್ದು ಸರಿ ಎಂದಿತು ಸುಪ್ರೀಂ ಕೋರ್ಟು. ಮನವಿ ಕೊಡುವುದು ಬೇರೆ, ಆದೇಶ ಪಾಲಿಸುವುದು ಬೇರೆ. ತಡೆ ಇಲ್ಲದಿದ್ದರೆ ಮೊದಲು ಹೋಗಿ ಹಾಜರಾಗು, ಆಮೇಲೆ ತಕರಾರು ಮಾಡು. 1991ರಲ್ಲಿ ಬಿಹಾರದ ಶಿಕ್ಷಕಿಯರ ಪ್ರಕರಣದಲ್ಲಿ (ಶಿಲ್ಪಿ ಬೋಸ್) ಕೋರ್ಟು ಗೆರೆಯನ್ನು ಇನ್ನೂ ಸ್ಪಷ್ಟ ಮಾಡಿತು: ಕಡ್ಡಾಯವಾದ ಶಾಸನಬದ್ಧ ನಿಯಮ ಮುರಿದಿದ್ದರೆ ಇಲ್ಲವೇ ದುರುದ್ದೇಶ ಇದ್ದರೆ ಮಾತ್ರ ಮಧ್ಯಪ್ರವೇಶ.

ಗಂಡ-ಹೆಂಡತಿ ಒಂದೇ ಊರಿನಲ್ಲಿರಬೇಕು ಎಂಬ ವಾದ ಎಲ್ಲರೂ ಮಾಡುತ್ತಾರೆ. 1993ರ ಅಬ್ಬಾಸ್ ಪ್ರಕರಣ ಆ ಬಾಗಿಲನ್ನು ಬಹುಮಟ್ಟಿಗೆ ಮುಚ್ಚಿತು. ಶಿಲ್ಲಾಂಗ್‌ನಲ್ಲಿ ಸಸ್ಯ ಸರ್ವೇಕ್ಷಣೆಯ ಉದ್ಯಾನ ನೋಡಿಕೊಳ್ಳುತ್ತಿದ್ದ ಅಬ್ಬಾಸ್‌ರನ್ನು ಹಿಮಾಲಯದ ಪೌರಿಗೆ ಹಾಕಿದರು. ಹೆಂಡತಿಯ ನೌಕರಿ ಶಿಲ್ಲಾಂಗ್‌ನಲ್ಲಿ, ಮಕ್ಕಳ ಶಾಲೆಯೂ ಅಲ್ಲೇ. ಮಾರ್ಗಸೂಚಿ ಇದೆ ನಿಜ, ಸಾಧ್ಯವಾದಷ್ಟು ಅದನ್ನು ನೋಡಬೇಕು. ಆದರೆ ಮಾರ್ಗಸೂಚಿ ನೌಕರನಿಗೆ ಹಕ್ಕನ್ನೇನೂ ಕೊಡುವುದಿಲ್ಲ ಎಂದಿತು ಕೋರ್ಟು. 2022ರಲ್ಲಿ, ನೌಶಾದ್ ರಹಮಾನ್ ಪ್ರಕರಣದಲ್ಲಿ, ಕುಟುಂಬ ಜೀವನದ ಬೆಲೆಯನ್ನು ನೀತಿ ರೂಪಿಸುವವರು ಮರೆಯಬಾರದು ಎಂಬ ದನಿ ಸ್ವಲ್ಪ ಗಟ್ಟಿಯಾಗಿ ಕೇಳಿಸಿತು. ಬಾಗಿಲು ತೆರೆಯಲಿಲ್ಲ, ಕಿಂಡಿ ತೆರೆಯಿತು.

ನೌಕರರು ಗೆದ್ದ ಪ್ರಕರಣಗಳೂ ಇವೆ. ಅನಾಮಧೇಯ ದೂರೊಂದರ ಬೆನ್ನಿಗೆ, ಆರೋಪ ಸಾಬೀತಾಗದಿದ್ದರೂ ಭೋಪಾಲ್‌ನಿಂದ ದೂರ ತಳ್ಳಿಸಿಕೊಂಡ ಸೋಮೇಶ್ ತಿವಾರಿ ಗೆದ್ದರು: ವರ್ಗಾವಣೆಯ ವೇಷ ಹಾಕಿದ ಶಿಕ್ಷೆ ನಡೆಯದು. 2020ರಲ್ಲಿ ಪಂಜಾಬ್ ಅಂಡ್ ಸಿಂಧ್ ಬ್ಯಾಂಕಿನ ಮಹಿಳಾ ಅಧಿಕಾರಿಯೊಬ್ಬರು ಗೆದ್ದರು. ಶಾಖೆಯ ಅಕ್ರಮಗಳನ್ನೂ ಮೇಲಧಿಕಾರಿಯ ಕಿರುಕುಳವನ್ನೂ ಬರಹದಲ್ಲಿ ಹೇಳಿದ್ದೇ ಅವರ ತಪ್ಪು. ಇಂದೋರ್‌ನಿಂದ ಜಬಲ್‌ಪುರ ಜಿಲ್ಲೆಯ ಒಂದು ಸಣ್ಣ ಊರಿಗೆ ಕಳಿಸಿದ್ದರು. ಇದು ಬಲಿಪಶು ಮಾಡುವ ಕ್ರಮ ಎಂದು ಸುಪ್ರೀಂ ಕೋರ್ಟು ನೇರವಾಗಿ ಹೇಳಿತು. ಗೆದ್ದವರ ಕೈಯಲ್ಲೆಲ್ಲ ಕಾಗದಗಳಿದ್ದವು ಎನ್ನುವುದನ್ನು ಗಮನಿಸಬೇಕು.

ನಮ್ಮ ಕಡೆಯ ಪ್ರಕರಣಗಳಲ್ಲಿ ಕಾಗದ ಇರುವುದು ಇನ್ನೊಂದು ಬಗೆಯದು. ಅದರ ಹೆಸರು ‘ಲೆಟರ್’. ‘ಸಾಹೇಬ್ರ ಲೆಟರ್ ಐತೇನ್ರಿ?’ ಎಂದರೆ ಯಾವ ಸಾಹೇಬರು ಎಂದು ಕೇಳುವ ಅಗತ್ಯವಿಲ್ಲ. ಶಾಸಕರ ಲೆಟರ್‌ಹೆಡ್ಡಿನಲ್ಲಿ ‘ಇವರನ್ನು ಇಂಥಲ್ಲಿಗೆ ವರ್ಗಾಯಿಸಲು ಕೋರಿದೆ’ ಎಂದಿರುತ್ತದೆ. ಮೇಲೆ ಯಾರದೋ ಹಸಿರು ಶಾಯಿಯ ಟಿಪ್ಪಣಿ. ಸೇವಾ ವಿಷಯದಲ್ಲಿ ರಾಜಕೀಯ ಪ್ರಭಾವ ತರುವಂತಿಲ್ಲ ಎಂದು ನಡತೆ ನಿಯಮಗಳು ಹೇಳುತ್ತವೆ. 1966ರ ನಿಯಮವೂ ಹೇಳಿತ್ತು, ಅದರ ಜಾಗಕ್ಕೆ ಬಂದ 2021ರದ್ದೂ ಹೇಳುತ್ತದೆ. ಲೆಟರ್ ತಂದು ಬಂದವರ ಎದುರು, ಲೆಟರ್‌ನಿಂದ ಎದ್ದವರು ಕೆಎಟಿಗೆ ಹೋಗಿ ಅದೇ ಲೆಟರ್‌ನ ನಕಲನ್ನು ಅನುಬಂಧವಾಗಿ ಹಚ್ಚುತ್ತಾರೆ. ಅದರಿಂದ ಗೆಲ್ಲುತ್ತಾರೆಯೇ? ಖಾತ್ರಿಯಿಲ್ಲ. ಶಾಸಕರ ಶಿಫಾರಸು ಇದ್ದ ಮಾತ್ರಕ್ಕೆ ವರ್ಗಾವಣೆ ಕೆಡುವುದಿಲ್ಲ, ಜನಪ್ರತಿನಿಧಿ ಜನರ ದೂರನ್ನು ಮುಟ್ಟಿಸಬಹುದು ಎಂದು 2007ರ ಮಸೂದ್ ಅಹ್ಮದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿಬಿಟ್ಟಿದೆ. ದುರುದ್ದೇಶ ಎನ್ನಬೇಕಾದರೆ ದುರುದ್ದೇಶದ ವ್ಯಕ್ತಿಯನ್ನು ಹೆಸರು ಹಿಡಿದು ಪ್ರತಿವಾದಿ ಮಾಡಬೇಕು. ಔರಾದ್‌ನಲ್ಲಿ ನೌಕರಿ ಮಾಡಿಕೊಂಡು ಆ ಭಾಗದ ಪ್ರಭಾವಿಯನ್ನು ಪ್ರತಿವಾದಿ ಮಾಡುವ ಗುಮಾಸ್ತ ಎಷ್ಟು ಜನ ಸಿಕ್ಕಾರು?

ಒಂದು ಕುರ್ಚಿ, ಹದಿನಾಲ್ಕು ದಿನ

ಹಾಗಾದರೆ ಇಷ್ಟೊಂದು ಜನ ಕಲಬುರಗಿಗೆ ಹೋಗುವುದಾದರೂ ಏಕೆ? ಅಂತಿಮ ತೀರ್ಪಿಗಾಗಿ ಅಲ್ಲ, ತಡೆಯಾಜ್ಞೆಗಾಗಿ.

ಭಾಲ್ಕಿಯ ಒಂದು ತಾಲ್ಲೂಕು ಕಚೇರಿ ಎಂದು ಇಟ್ಟುಕೊಳ್ಳಿ. ಅಲ್ಲಿಯ ಪ್ರಥಮ ದರ್ಜೆ ಸಹಾಯಕಿ ಬಂದು ಎರಡು ವರ್ಷವಾಗಿದೆ. ‘ಸಿ’ ಗುಂಪಿನವರಿಗೆ ಒಂದೇ ಜಾಗದಲ್ಲಿ ಕನಿಷ್ಠ 4 ವರ್ಷ ಎಂಬ ಮಾರ್ಗಸೂಚಿ ಇದೆ (‘ಎ’, ‘ಬಿ’ ಗುಂಪಿಗೆ 2, ‘ಡಿ’ಗೆ 7). ಆಕೆಯನ್ನು ಔರಾದ್‌ಗೆ ಹಾಕಿ, ಔರಾದ್‌ನವರೊಬ್ಬರನ್ನು ಆಕೆಯ ಸ್ಥಾನಕ್ಕೆ ತಂದರು. ಔರಾದ್‌ನವರು ಅಂದೇ ಸಂಜೆ ಬಿಡುಗಡೆ ಹೊಂದಿ ಮರುದಿನ ಬೆಳಿಗ್ಗೆ ಭಾಲ್ಕಿಯಲ್ಲಿ ಹಾಜರು. ಸಹಾಯಕಿ ರಜೆ ಚೀಟಿ ಕಳಿಸಿ ಕಲಬುರಗಿಯ ರೈಲು ಹತ್ತಿದ್ದಾರೆ. ಬಂದವರು ಪ್ರಭಾರ ಹಸ್ತಾಂತರ ಪತ್ರಕ್ಕೆ (ಸಿಟಿಸಿ) ಒಬ್ಬರೇ ಸಹಿ ಹಾಕಿ ‘ಏಕಪಕ್ಷೀಯವಾಗಿ ಪ್ರಭಾರ ವಹಿಸಿಕೊಂಡಿದ್ದೇನೆ’ ಎಂದು ಬರೆಯುತ್ತಾರೆ. ಮೂರನೇ ದಿನ ಆಕೆ ತಡೆಯಾಜ್ಞೆ ಹಿಡಿದು ಬರುತ್ತಾರೆ. ಕುರ್ಚಿ ಒಂದು, ಹಕ್ಕುದಾರರು ಇಬ್ಬರು. ಬೀಗದ ಕೈ ಒಬ್ಬರ ಬಳಿ, ಕಂಪ್ಯೂಟರ್ ಪಾಸ್‌ವರ್ಡ್ ಇನ್ನೊಬ್ಬರ ಬಳಿ. ಔರಾದ್‌ನಲ್ಲಿ ಬಿಡುಗಡೆಯಾಗಿ ಭಾಲ್ಕಿಯಲ್ಲಿ ಹುದ್ದೆ ಇಲ್ಲದವರ ಸಂಬಳ ವೇತನ ತಂತ್ರಾಂಶ ಎಚ್‌ಆರ್‌ಎಂಎಸ್‌ನಲ್ಲಿ ಸಿಕ್ಕಿಕೊಳ್ಳುತ್ತದೆ. ‘ಕಡ್ಡಾಯ ನಿರೀಕ್ಷಣಾ ಅವಧಿ’ ಎಂದು ಅದನ್ನು ಸಕ್ರಮ ಮಾಡಿಸಿಕೊಳ್ಳುವ ಕಡತ ಆಮೇಲೆ ಎಷ್ಟು ಮೇಜು ತಿರುಗಬೇಕೋ. ಔರಾದ್‌ನ ಕುರ್ಚಿಯಲ್ಲಿ ಮಾತ್ರ ಯಾರೂ ಇಲ್ಲ.

1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 24ನೇ ಕಲಮು ಈ ಪರಿಸ್ಥಿತಿಯನ್ನು ಮೊದಲೇ ಊಹಿಸಿದಂತಿದೆ. ಎದುರು ಪಕ್ಷಕ್ಕೆ ಅರ್ಜಿಯ ಪ್ರತಿ ಕೊಡದೆ, ಅವರ ಮಾತು ಕೇಳದೆ ಮಧ್ಯಂತರ ಆದೇಶ ಕೊಡಬಾರದು. ತೀರಾ ಅಸಾಧಾರಣ ಸಂದರ್ಭದಲ್ಲಿ ಕೊಟ್ಟರೂ ಆ ಕ್ರಮಗಳನ್ನು ಪೂರೈಸದಿದ್ದರೆ 14 ದಿನಕ್ಕೆ ಅದರ ಆಯುಸ್ಸು ಮುಗಿಯುತ್ತದೆ. ಹೀಗಾಗಿಯೇ ಅನುಭವಸ್ಥರು ಆದೇಶ ಹೊರಬೀಳುವ ಮುನ್ನವೇ ಕೇವಿಯಟ್ (ತಮ್ಮ ಮಾತು ಕೇಳದೆ ತಡೆ ಕೊಡಬಾರದು ಎಂಬ ಮುನ್ನೆಚ್ಚರಿಕೆ ಅರ್ಜಿ) ಹಾಕಿಡುವುದು. ಕೆಎಟಿಯಲ್ಲಿ ಸೋತವರಿಗೆ ಹೈಕೋರ್ಟಿನ ವಿಭಾಗೀಯ ಪೀಠವಿದೆ. 1997ರ ಎಲ್. ಚಂದ್ರಕುಮಾರ್ ತೀರ್ಪಿನಿಂದ ತೆರೆದ ದಾರಿ ಅದು. ಎರಡೂ ಕಲಬುರಗಿಯಲ್ಲೇ ಇರುವುದರಿಂದ ರೈಲು ಬದಲಿಸುವ ಕಷ್ಟವೂ ಇಲ್ಲ.

ಹಿರಿಯ ಅಧಿಕಾರಿಗಳಿಗೂ ಇದು ತಪ್ಪಿದ್ದಲ್ಲ. ಕಲಬುರಗಿ ಜಿಲ್ಲಾಧಿಕಾರಿಯಾಗಿದ್ದ ಬಿ. ಶರತ್ 2020ರ ಆಗಸ್ಟ್ ಕೊನೆಯಲ್ಲಿ ಮೈಸೂರಿಗೆ ಹೋದರು. ಒಂದು ತಿಂಗಳು ಕಳೆಯುವಷ್ಟರಲ್ಲಿ ಅವರ ಜಾಗಕ್ಕೆ ರೋಹಿಣಿ ಸಿಂಧೂರಿ ಬಂದರು. ಐಎಎಸ್‌ನವರಿಗೆ ಕನಿಷ್ಠ ಅವಧಿ ಇರಬೇಕು, ನಾಗರಿಕ ಸೇವಾ ಮಂಡಳಿ ಮೂಲಕ ವರ್ಗಾವಣೆ ಆಗಬೇಕು ಎಂದು 2013ರ ಅಕ್ಟೋಬರ್ 31ರಂದು ಟಿ.ಎಸ್.ಆರ್. ಸುಬ್ರಮಣಿಯನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ನಿರ್ದೇಶಿಸಿ ಏಳು ವರ್ಷವಾಗಿತ್ತು. ಶರತ್ ಕೇಂದ್ರ ಆಡಳಿತ ನ್ಯಾಯಮಂಡಳಿಯ ಮೆಟ್ಟಿಲೇರಿದರು. ಹಿಂದೆ, 2018ರಲ್ಲಿ, ಹಾಸನದಿಂದ ತಮ್ಮನ್ನು ಎಬ್ಬಿಸಿದಾಗ ಅದೇ ಮೆಟ್ಟಿಲೇರಿದ್ದವರು ರೋಹಿಣಿ ಸಿಂಧೂರಿ.

ಹಳೆಯ ಬೀದರ್‌ಗೆ ಮೂರು ಕಾನೂನು

ಈಗ ಸ್ವಲ್ಪ ಹಿಂದಕ್ಕೆ ಹೋಗಬೇಕು. 1956ರ ನವೆಂಬರ್ 1ಕ್ಕೆ ಮುಂಚೆ ಬೀದರ್ ಹೈದರಾಬಾದ್ ರಾಜ್ಯದ ಜಿಲ್ಲೆ. ಪುನರ್‌ವಿಂಗಡಣೆಯಲ್ಲಿ ಉದಗೀರ್, ನಿಲಂಗಾ, ಅಹ್ಮದ್‌ಪುರ ಆಗಿನ ಬೊಂಬಾಯಿಗೆ ಹೋದವು. ಜಹೀರಾಬಾದ್, ನಾರಾಯಣಖೇಡ್ ಭಾಗ ಆಂಧ್ರಕ್ಕೆ ಹೋಯಿತು. ಉಳಿದದ್ದು ಮೈಸೂರು ರಾಜ್ಯಕ್ಕೆ ಬಂತು. ಒಂದೇ ಜಿಲ್ಲೆಯ ಒಂದೇ ಕಚೇರಿಯಲ್ಲಿ ಕೂತಿದ್ದ ಗುಮಾಸ್ತರು ಮೂರು ಸರಕಾರಗಳಿಗೆ ಹಂಚಿಹೋದರು. ಅವರ ಇಂದಿನ ಉತ್ತರಾಧಿಕಾರಿಗಳ ವರ್ಗಾವಣೆಯನ್ನು ಹೋಲಿಸಿ ನೋಡಿದರೆ, ಮಾರ್ಗಸೂಚಿ ಸಾಲದು, ಕಾಯ್ದೆಯೇ ಬೇಕು ಎಂಬ ನನ್ನ ವಾದ ಸ್ಪಷ್ಟವಾಗುತ್ತದೆ.

ಈಗ ಮಹಾರಾಷ್ಟ್ರದಲ್ಲಿರುವ ಉದಗೀರ್‌ನ ಗುಮಾಸ್ತನಿಗೆ ಕಾಯ್ದೆ ಇದೆ. ಅಣ್ಣಾ ಹಜಾರೆಯವರ ಚಳವಳಿಯ ಒತ್ತಡದಲ್ಲಿ ಮಹಾರಾಷ್ಟ್ರ 2005ರಲ್ಲಿ ವರ್ಗಾವಣೆ ನಿಯಂತ್ರಣ ಕಾಯ್ದೆ ಮಾಡಿತು. ಸಾಮಾನ್ಯ ಅವಧಿ 3 ವರ್ಷ. ವರ್ಗಾವಣೆ ವರ್ಷಕ್ಕೊಮ್ಮೆ, ಏಪ್ರಿಲ್ ಅಥವಾ ಮೇ ತಿಂಗಳಲ್ಲಿ. ನಡುವೆ ಎಬ್ಬಿಸಬೇಕಾದರೆ ವಿಶೇಷ ಕಾರಣವನ್ನು ಬರಹದಲ್ಲಿ ದಾಖಲಿಸಿ ಮೇಲಿನ ಪ್ರಾಧಿಕಾರದ ಪೂರ್ವಾನುಮತಿ ಪಡೆಯಬೇಕು. ಅಲ್ಲಿಯೂ ‘ವಿಶೇಷ ಕಾರಣ’ವನ್ನು ಕಾಟಾಚಾರಕ್ಕೆ ಬರೆಯುವವರಿದ್ದಾರೆ, ಇಲ್ಲವೆಂದಲ್ಲ. ಆದರೆ ಉದಗೀರ್‌ನವನು ನ್ಯಾಯಮಂಡಳಿಯಲ್ಲಿ ನಿಂತಾಗ ‘ಶಾಸನದ ಇಂಥ ಕಲಮು ಮುರಿದಿದ್ದಾರೆ’ ಎನ್ನಬಲ್ಲ.

ಈಗ ತೆಲಂಗಾಣದಲ್ಲಿರುವ ನಾರಾಯಣಖೇಡ್‌ನವನಿಗೆ ರಾಷ್ಟ್ರಪತಿ ಆದೇಶ ಇದೆ. 371-ಡಿ ವಿಧಿಯಡಿ ಸ್ಥಳೀಯ ವೃಂದದ ಬೇಲಿ. ಆ ಬೇಲಿ ರಕ್ಷಣೆಯೂ ಹೌದು, ಸೆರೆಯೂ ಹೌದು. 2021ರ ಡಿಸೆಂಬರ್‌ನಲ್ಲಿ ತೆಲಂಗಾಣ ಸರಕಾರ 317ನೇ ಸಂಖ್ಯೆಯ ಆದೇಶ ಹೊರಡಿಸಿ ಹೊಸ ಜಿಲ್ಲೆಗಳಿಗೆ ನೌಕರರನ್ನು ಹಂಚಿದಾಗ ಸಾವಿರಾರು ಶಿಕ್ಷಕರು ತಮ್ಮ ಜಿಲ್ಲೆ ಕಳೆದುಕೊಂಡು ಬೀದಿಗಿಳಿದರು, ಹೈಕೋರ್ಟಿಗೆ ಹೋದರು. ಅಲ್ಲಿ ಆಡಳಿತ ನ್ಯಾಯಮಂಡಳಿ 2016ರಲ್ಲೇ ರದ್ದಾಗಿದ್ದರಿಂದ ಹೈಕೋರ್ಟೇ ಮೊದಲ ಬಾಗಿಲು.

ಔರಾದ್‌ನವನಿಗೆ ಏನಿದೆ? ಶಿಕ್ಷಕನಾಗಿದ್ದರೆ ಕಾಯ್ದೆ ಇದೆ. ಗುಮಾಸ್ತನಾಗಿದ್ದರೆ ಮಾರ್ಗಸೂಚಿ ಇದೆ. 2013ರ ಜೂನ್ 7ರಂದು ಸಿಬ್ಬಂದಿ ಮತ್ತು ಆಡಳಿತ ಸುಧಾರಣೆ ಇಲಾಖೆ ಹೊರಡಿಸಿದ ಆದೇಶ ಅದು. ಆಮೇಲೆ ವರ್ಷ ವರ್ಷ ತಿದ್ದುಪಡಿ. ಸಾರ್ವತ್ರಿಕ ವರ್ಗಾವಣೆ ಹಂಗಾಮಿನಲ್ಲಿ ಒಂದು ವೃಂದದ ಶೇ 6ರಷ್ಟು ಮಾತ್ರ ಎಂಬ ಮಿತಿ ಇತ್ತೀಚಿನ ವರ್ಷಗಳಲ್ಲಿದೆ. ಅವಧಿಗೆ ಮುನ್ನ ಎಬ್ಬಿಸಬೇಕಾದರೆ ಕಾರಣ ಬರೆದು ಮುಖ್ಯಮಂತ್ರಿಯವರ ಪೂರ್ವಾನುಮೋದನೆ ಪಡೆಯಬೇಕು. ಒಳ್ಳೆಯ ಮಾತು. ಆದರೆ ಕಡತ ತರಿಸಿ ನೋಡಿದಾಗ ಅನುಮೋದನೆ ಆಮೇಲೆ ಬಂದದ್ದು, ಕಾರಣದ ಜಾಗದಲ್ಲಿ ‘ಅನುಮೋದಿಸಿದೆ’ ಎಂಬ ಒಂದೇ ಪದ ಇರುವುದು ಹೊಸತಲ್ಲ. ಇಂಥ ಆದೇಶಗಳನ್ನು ಕೆಎಟಿಯೂ ಹೈಕೋರ್ಟಿನ ಪೀಠಗಳೂ ರದ್ದು ಮಾಡಿದ ಉದಾಹರಣೆಗಳು ಬೇಕಾದಷ್ಟಿವೆ. ಸರಕಾರಿ ವಕೀಲರ ಕೈಯಲ್ಲಿ ಮಾತ್ರ 1993ರ ಅಬ್ಬಾಸ್ ತೀರ್ಪು ಸದಾ ಸಿದ್ಧ: ಮಾರ್ಗಸೂಚಿ ಹಕ್ಕಲ್ಲ. ಹೀಗೆ ಗೆಲುವು-ಸೋಲು ನೌಕರನ ಅಹವಾಲಿಗಿಂತ ಹೆಚ್ಚಾಗಿ ಆ ದಿನದ ಪೀಠ ಮಾರ್ಗಸೂಚಿಯನ್ನು ಎಷ್ಟು ಗಟ್ಟಿಯಾಗಿ ಓದಿತು ಎನ್ನುವುದರ ಮೇಲೆ ನಿಲ್ಲುತ್ತದೆ.

ಶಿಕ್ಷಕರ ಕಾಯ್ದೆ 2007ರದ್ದು. 2020ರಲ್ಲಿ ಅದನ್ನು ತೆಗೆದು ಹೊಸದು ತಂದರು. ಊರಿನ ಹತ್ತಿರ-ದೂರ ನೋಡಿ ಎ, ಬಿ, ಸಿ ವಲಯ, ಅಂಕ, ಜ್ಯೇಷ್ಠತೆ, ಕೌನ್ಸೆಲಿಂಗ್. ಪರದೆಯ ಮೇಲೆ ಖಾಲಿ ಜಾಗ ಕಾಣುತ್ತದೆ, ಸರದಿ ಬಂದವರು ಆರಿಸಿಕೊಳ್ಳುತ್ತಾರೆ. ಲೆಟರ್‌ಗೆ ಕೆಲಸ ಕಡಿಮೆ. 2019ರ ಕಡ್ಡಾಯ ವರ್ಗಾವಣೆಯ ಗಲಾಟೆ, ಕೋರ್ಟಿಗೆ ಹೋಗಿ ವರ್ಷಗಟ್ಟಲೆ ನಿಂತ ಕೌನ್ಸೆಲಿಂಗ್‌ಗಳು ಎಲ್ಲವೂ ನೆನಪಿದೆ. ಆದರೂ ಇಲಾಖೆಯ ಒಳಗಿನವರನ್ನು ಕೇಳಿ: ಹಳೆಯ ಪದ್ಧತಿಗೆ ಮರಳಲು ಶಿಕ್ಷಕರಲ್ಲಿ ಹೆಚ್ಚಿನವರು ಒಪ್ಪಲಿಕ್ಕಿಲ್ಲ. ವೈದ್ಯರಿಗೂ ಆರೋಗ್ಯ ಸಿಬ್ಬಂದಿಗೂ 2011ರಲ್ಲಿ ಇಂಥದೇ ಕಾಯ್ದೆ ಬಂತು. ಉಳಿದ ಇಲಾಖೆಗಳಿಗೆಲ್ಲ ಒಂದೇ ಕಾಯ್ದೆ ಮಾಡಲು ಏನು ಅಡ್ಡಿ? ಅಡ್ಡಿ ಎಲ್ಲರಿಗೂ ಗೊತ್ತು. ವರ್ಗಾವಣೆ ಕೈಯಲ್ಲಿಲ್ಲದ ಶಾಸಕನ ಮನೆ ಮುಂದೆ ಬೆಳಿಗ್ಗೆ ಜನ ಸೇರುವುದಿಲ್ಲ.

ಶಿಕ್ಷಕರ ಕಾಯ್ದೆಯಲ್ಲಿ ಬೀದರ್ ಜಿಲ್ಲೆಗೆ ಬಿಸಿ ಮುಟ್ಟಿಸುವ ಒಂದು ಅಂಶವಿದೆ. ಶೇ 25ಕ್ಕಿಂತ ಹೆಚ್ಚು ಹುದ್ದೆ ಖಾಲಿ ಇರುವ ತಾಲ್ಲೂಕಿನಿಂದ ಹೊರಗೆ ವರ್ಗಾವಣೆ ಇಲ್ಲ. ಕಲ್ಯಾಣ ಕರ್ನಾಟಕದ ಹಿಂದುಳಿದ ತಾಲ್ಲೂಕುಗಳಲ್ಲಿ ಕೆಲಸ ಮಾಡುವ ಬೇರೆ ಜಿಲ್ಲೆಯ ಶಿಕ್ಷಕರು ಹದಿನೈದು ವರ್ಷವಾದರೂ ತಂದೆ-ತಾಯಿ ಇರುವ ಊರಿಗೆ ಹೋಗಲಾಗದೆ ಕೂತದ್ದು ಇದರಿಂದ. ಅವರ ದುಃಖ ನಿಜ. ಅವರನ್ನು ಬಿಟ್ಟುಕೊಟ್ಟರೆ ಔರಾದ್ ತಾಲ್ಲೂಕಿನ ಗಡಿಯ ಹಳ್ಳಿಯ ಶಾಲೆಯಲ್ಲಿ ಕನ್ನಡ ಕಲಿಸುವವರು ಇರುವುದಿಲ್ಲ ಎನ್ನುವುದೂ ನಿಜ. ಮನೆಯಲ್ಲಿ ಮರಾಠಿ, ಬಜಾರಿನಲ್ಲಿ ದಖನಿ ಆಡುವ ಮಕ್ಕಳಿಗೆ ಕನ್ನಡ ಸಿಗುವುದು ಆ ಶಾಲೆಯ ಆ ಒಬ್ಬರಿಂದಲೇ. ನಿಜಾಮರ ಕಾಲದಲ್ಲಿ ಭಾಲ್ಕಿಯ ಡಾ. ಚನ್ನಬಸವ ಪಟ್ಟದ್ದೇವರು ಹೊರಗೆ ಉರ್ದು ಫಲಕ ಹಾಕಿ ಒಳಗೆ ಕನ್ನಡ ಕಲಿಸಿದ ನೆಲ ಇದು. ಈಗ ಫಲಕ ಕನ್ನಡದ್ದೇ ಇದೆ, ಒಳಗೆ ಮೇಷ್ಟ್ರು ಇರಬೇಕು.

ಇಲ್ಲೇ ನನಗೆ ಈ ವ್ಯಾಜ್ಯಗಳ ಮೇಲೆ ದೊಡ್ಡ ತಕರಾರು. ಅರ್ಜಿದಾರ ನೌಕರ, ಪ್ರತಿವಾದಿ ಸರಕಾರ, ಮೂರನೆಯವರು ಆ ಸ್ಥಾನಕ್ಕೆ ಬಂದವರು. ಆ ಕುರ್ಚಿಯ ಎದುರು ಪಹಣಿ ತಿದ್ದುಪಡಿಗೆ, ಪಿಂಚಣಿಗೆ, ಮಗುವಿನ ದಾಖಲಾತಿಗೆ ನಿಂತವರು ಯಾವ ಅರ್ಜಿಯಲ್ಲೂ ಕಕ್ಷಿದಾರರಲ್ಲ. ‘ಸಾರ್ವಜನಿಕ ಹಿತದೃಷ್ಟಿಯಿಂದ’ ಎಂದು ಆದೇಶದ ಮೊದಲ ಸಾಲಿನಲ್ಲಿ ಬಂದ ಸಾರ್ವಜನಿಕರು ಆಮೇಲೆ ಎಲ್ಲಿಯೂ ಕಾಣಿಸುವುದಿಲ್ಲ. ಇನ್ನು ‘ಒಒಡಿ’ ಎಂಬ ಮಾಯೆ ಬೇರೆ: ಹುದ್ದೆ ಔರಾದ್‌ನಲ್ಲಿ, ಸಂಬಳ ಔರಾದ್‌ನ ಲೆಕ್ಕದಲ್ಲಿ, ಮನುಷ್ಯ ಮಾತ್ರ ‘ಅನ್ಯ ಕಾರ್ಯ ನಿಮಿತ್ತ’ ಬೀದರ್‌ನಲ್ಲಿ. ದಾಖಲೆಯಲ್ಲಿ ಹುದ್ದೆ ಭರ್ತಿ. ಇದನ್ನು ಪ್ರಶ್ನಿಸಿ ಯಾರೂ ಕಲಬುರಗಿಗೆ ಹೋಗುವುದಿಲ್ಲ, ಏಕೆಂದರೆ ಇದರಿಂದ ನೊಂದ ನೌಕರನೇ ಇಲ್ಲ.

ಕಲ್ಯಾಣ ಕರ್ನಾಟಕಕ್ಕೆ ವಿಶೇಷ ಸ್ಥಾನ ಕೊಟ್ಟ ಸಂವಿಧಾನದ 371-ಜೆ ವಿಧಿ ಬಂದ ಮೇಲೆ ಒಂದು ಬದಲಾವಣೆ ಆಗಿದೆ. 2013ರ ನವೆಂಬರ್ 6ರ ಆದೇಶದ ಪ್ರಕಾರ ಈ ಭಾಗದ ಎ, ಬಿ ಗುಂಪಿನ ಶೇ 75, ಸಿ ಗುಂಪಿನ ಶೇ 80, ಡಿ ಗುಂಪಿನ ಶೇ 85 ಹುದ್ದೆ ಸ್ಥಳೀಯರಿಗೆ. ನೌಕರಿ ಸ್ಥಳೀಯರಿಗೆ ಎಂದ ನಿಜಾಮರ 1919ರ ಮುಲ್ಕಿ ಫರ್ಮಾನಿನ ಮೊಮ್ಮಗ ಎನ್ನಬಹುದು. ಬಂದ ದಿನವೇ ಹೋಗುವ ದಾರಿ ಹುಡುಕುತ್ತಿದ್ದ ದೂರದ ನೌಕರರ ಜಾಗಕ್ಕೆ ಇಲ್ಲಿಯ ಹುಡುಗರು, ಹುಡುಗಿಯರು ಬಂದರು. ಜಗಳ ಮಾತ್ರ ನಿಲ್ಲಲಿಲ್ಲ, ಒಳಗೆ ಬಂತು. ಈಗ ಬೆಂಗಳೂರು–ಬೀದರ್ ಹೋರಾಟ ಕಡಿಮೆಯಾಗಿ ಬೀದರ್–ಔರಾದ್ ಹೋರಾಟ ಹೆಚ್ಚಾಗಿದೆ. ಸ್ಥಳೀಯರಿಗೂ ಔರಾದ್ ಬೇಡ. ಅಲ್ಲಿ ನೌಕರರಿಗೆ ವಾಸಯೋಗ್ಯ ವಸತಿಗೃಹ, ಮಕ್ಕಳಿಗೆ ಒಳ್ಳೆಯ ಕಾಲೇಜು ಆಗುವವರೆಗೆ ಯಾವ ಕಲಮೂ ಅವರನ್ನು ಮನಸ್ಸಿಟ್ಟು ಕೂರಿಸಲಾರದು.

ನಿಗಮ, ಬ್ಯಾಂಕುಗಳ ಮಾತು ಚಿಕ್ಕದಾಗಿ. ಕಲ್ಯಾಣ ಕರ್ನಾಟಕ ಸಾರಿಗೆಯ ಚಾಲಕ, ನಿರ್ವಾಹಕರು ಕಾರ್ಮಿಕರು. ಅವರಿಗೆ ಗುಮಾಸ್ತರಿಗಿಲ್ಲದ ಒಂದು ಆಯುಧವಿದೆ. ಆಡಳಿತದ ನೀತಿಯ ನೆಪದಲ್ಲಿ ದುರುದ್ದೇಶದಿಂದ ಕಾರ್ಮಿಕನನ್ನು ವರ್ಗಾಯಿಸುವುದು ಅನುಚಿತ ಕಾರ್ಮಿಕ ಪದ್ಧತಿ ಎಂದು 1947ರ ಕೈಗಾರಿಕಾ ವಿವಾದಗಳ ಕಾಯ್ದೆಯ ಐದನೇ ಅನುಸೂಚಿ ಹೇಳಿತ್ತು; 2020ರ ಕೈಗಾರಿಕಾ ಸಂಬಂಧಗಳ ಸಂಹಿತೆಯಲ್ಲೂ ಆ ಮಾತು ಉಳಿದಿದೆ. 2021ರ ಏಪ್ರಿಲ್‌ನ ಸಾರಿಗೆ ಮುಷ್ಕರದ ಕಾಲದಲ್ಲಿ ವಜಾ, ಅಮಾನತಿನ ಜೊತೆಗೆ ವರ್ಗಾವಣೆಯನ್ನೂ ಚಾಟಿಯಾಗಿ ಬಳಸಿದಾಗ ಇದು ಎಲ್ಲರ ಬಾಯಿಗೆ ಬಂತು. ಗ್ರಾಮೀಣ ಬ್ಯಾಂಕಿನವರ ಚಿಂತೆ ಬೇರೆ: 2025ರ ಮೇ 1ರಿಂದ ರಾಜ್ಯಕ್ಕೆಲ್ಲ ಒಂದೇ ಗ್ರಾಮೀಣ ಬ್ಯಾಂಕು, ಕೇಂದ್ರ ಕಚೇರಿ ಬಳ್ಳಾರಿ. ಭೂಪಟ ದೊಡ್ಡದಾದಷ್ಟೂ ವರ್ಗಾವಣೆಯ ದೂರವೂ ದೊಡ್ಡದು. ಇದಕ್ಕೆ ತದ್ವಿರುದ್ಧ ಚಿತ್ರ ಬೀದರ್‌ನ ಪಶು ವೈದ್ಯಕೀಯ ವಿಶ್ವವಿದ್ಯಾಲಯದ್ದು: ಆಡಳಿತ ಕೇಂದ್ರ ಇಲ್ಲಿನ ನಂದಿನಗರದಲ್ಲಿ, ಕಾಲೇಜುಗಳು ಹೆಬ್ಬಾಳ, ಮಂಗಳೂರು, ಹಾಸನ, ಶಿವಮೊಗ್ಗದಲ್ಲಿ. ಅಲ್ಲಿಂದ ನೋಡಿದರೆ ಬೀದರ್ ಮತ್ತೆ ಕೊನೆಯ ನಿಲ್ದಾಣ.

ಕಾಯ್ದೆ ಬರುವವರೆಗೆ, ಕೋಷ್ಟಕದಲ್ಲಿ ತಮ್ಮ ಹೆಸರು ಕಂಡವರಿಗೆ ಕೆಲವು ಮಾತು. ಆದೇಶದ ದೃಢೀಕೃತ ಪ್ರತಿ ಇಟ್ಟುಕೊಳ್ಳಿ, ಮನವಿಯನ್ನು ಬರಹದಲ್ಲಿ ಕೊಟ್ಟು ಸ್ವೀಕೃತಿ ಪಡೆಯಿರಿ. ನಿಮ್ಮ ಅವಧಿ ಎಷ್ಟಾಗಿದೆ, ಮುಖ್ಯಮಂತ್ರಿಯವರ ಅನುಮೋದನೆ ಯಾವ ತಾರೀಖಿನದು ಎಂದು ಮಾಹಿತಿ ಹಕ್ಕಿನಲ್ಲಿ ಕೇಳಿ. ಉತ್ತರಕ್ಕೆ 30 ದಿನ ಹಿಡಿಯಬಹುದು, ಅದಕ್ಕಾಗಿ ಅರ್ಜಿ ಹಾಕುವುದನ್ನು ತಡಮಾಡಬೇಡಿ. ಲೆಟರ್ ತಂದು ಬಂದವರು ಲೆಟರ್‌ನ ವಿರುದ್ಧ ವಾದಿಸಬೇಡಿ, ಪೀಠಕ್ಕೆ ನಗು ಬರುತ್ತದೆ. ವೈದ್ಯಕೀಯ ರಜೆಯ ಚೀಟಿ ಕಳಿಸಿ ಮನೆಯಲ್ಲಿ ಕೂರುವುದು ಎಲ್ಲಕ್ಕಿಂತ ದೊಡ್ಡ ತಪ್ಪು. ತಡೆ ಸಿಗದಿದ್ದರೆ ಔರಾದ್‌ಗೆ ಹೋಗಿ ಹಾಜರಾಗಿ, ಅಲ್ಲಿಂದಲೇ ಮೊಕದ್ದಮೆ ನಡೆಸಿ. ಹಾಜರಾಗದೆ ಕೂತ ಗುಜರಾತಿನ ಆ ವಿದ್ಯುತ್ ಮಂಡಳಿ ನೌಕರನಿಗೆ ಸುಪ್ರೀಂ ಕೋರ್ಟಿನವರೆಗೆ ಹೋದರೂ ಕೆಲಸ ಮರಳಿ ಸಿಗಲಿಲ್ಲ.